ಹೊಂಡದ ಮೀನು ಕೆರೆಗೆ ಹೋದರೆ? ನಾರ್ವೆಯ ಸಾಲ್ಮನ್, ಗುಬ್ಬಿಯ ಜಿಲೇಬಿ

ಪ್ರಶ್ನೆ: ಸಾರ್, ನಮ್ಮದು ಗುಬ್ಬಿ ತಾಲ್ಲೂಕಿನ ಒಂದು ಹಳ್ಳಿ. ಕೆರೆ ಹಿನ್ನೀರಿನ ಅಂಚಿನಲ್ಲಿ, ಹಳ್ಳದ ಪಕ್ಕಕ್ಕೆ 20 ಗುಂಟೆ ಜಮೀನಿದೆ. ತೆಂಗಿನಲ್ಲಿ ನುಸಿಪೀಡೆ ಬಂದ ಮೇಲೆ ಏನೂ ಗಿಟ್ಟುತ್ತಿಲ್ಲ. ಅಲ್ಲಿ ಹೊಂಡ ತೆಗೆಸಿ ಜಿಲೇಬಿ ಮೀನು (ತಿಲಾಪಿಯ) ಸಾಕೋಣ ಅಂತಿದ್ದೇನೆ. ಮರಿ ಕೊಡುವ ಏಜೆಂಟ್ "ಎಲ್ಲಾ ಗಂಡುಮರಿ, ತಪ್ಪಿಸಿಕೊಂಡು ಹೋದರೂ ಏನೂ ಆಗಲ್ಲ" ಅಂತಾರೆ. ಬೆಂಗಳೂರಿನಲ್ಲಿರುವ ಮಗಳು ನಾರ್ವೆಯ ಸಾಲ್ಮನ್ ಸಾಕಣೆಯ ವಿಡಿಯೊ ಕಳಿಸಿ, "ಸಾಕಿದ ಮೀನಿಂದ ಕಾಡುಮೀನೆಲ್ಲಾ ಹಾಳಾಗಿದೆ, ಬೇಡಪ್ಪಾ" ಅಂತಿದ್ದಾಳೆ. ಕೆರೆ ಮೀನು ಹಿಡಿಯುವ ಸೊಸೈಟಿಯವರೂ ತಕರಾರು ಮಾಡುತ್ತಿದ್ದಾರೆ. ಪಕ್ಕದೂರಿನವನೊಬ್ಬ "ಕ್ಯಾಟ್‌ಫಿಶ್ ಬಿಡು, ಕೋಳಿ ವೇಸ್ಟ್ ಹಾಕಿದರೆ ಸಾಕು" ಅಂತಾನೆ. ಯಾರ ಮಾತು ಕೇಳಲಿ? ನನ್ನ ಅರ್ಧ ಎಕರೆ ಹೊಂಡದಿಂದ ಕೆರೆ ಹಾಳಾಗುತ್ತದಾ?

ಉತ್ತರ: ನಿಮ್ಮ ಮಗಳು ಕಳಿಸಿದ ವಿಡಿಯೊದಲ್ಲಿ ಇರುವುದು ಬಹುಪಾಲು ನಿಜ. ಏಜೆಂಟ್ ಹೇಳಿದ್ದು ಅರ್ಧ ನಿಜ. ಪಕ್ಕದೂರಿನವರ ಮಾತನ್ನು ಮಾತ್ರ ಕಿವಿಗೇ ಹಾಕಿಕೊಳ್ಳಬೇಡಿ. ಆದರೆ ನಾರ್ವೆಯ ಕಥೆಯನ್ನು ಹಾಗೇ ತಂದು ಗುಬ್ಬಿಗೆ ಅಂಟಿಸಲು ಆಗುವುದಿಲ್ಲ. ಅಲ್ಲಿ ಹಾಳಾಗಿದ್ದು ಒಂದು ದಾರಿಯಲ್ಲಿ, ಇಲ್ಲಿ ಹಾಳಾಗುವುದು ಬೇರೆ ದಾರಿಯಲ್ಲಿ. ಮೊದಲು ಅಲ್ಲಿಯದನ್ನು ಹೇಳುತ್ತೇನೆ.

ಸಾಲ್ಮನ್ ಹುಟ್ಟುವುದು ನದಿಯಲ್ಲಿ, ಬೆಳೆಯುವುದು ಸಮುದ್ರದಲ್ಲಿ. ಮೊಟ್ಟೆ ಇಡಲು ಮತ್ತೆ ತಾನು ಹುಟ್ಟಿದ ನದಿಗೇ ವಾಪಸ್ ಬರುತ್ತದೆ. ಸಾವಿರಾರು ವರ್ಷದಿಂದ ಹೀಗೇ ನಡೆದಿರುವುದರಿಂದ ಒಂದೊಂದು ನದಿಗೂ ಅದರದೇ ಆದ ಸಾಲ್ಮನ್ ತಳಿ ಇದೆ. ಸಾಕಣೆದಾರರು ಏನು ಮಾಡುತ್ತಾರೆಂದರೆ, ಮರಿಯನ್ನು ಸಿಹಿನೀರಿನ ತೊಟ್ಟಿಯಲ್ಲಿ ಬೆಳೆಸಿ, ಆಮೇಲೆ ಸಮುದ್ರದ ಒಳಚಾಚಿನಲ್ಲಿ ದೊಡ್ಡ ದೊಡ್ಡ ಬಲೆಯ ಪಂಜರ ಇಳಿಬಿಟ್ಟು ಅದರೊಳಗೆ ಸಾಕುತ್ತಾರೆ. ನಾರ್ವೆಯಲ್ಲಿ ಒಂದು ಪಂಜರದಲ್ಲಿ 2 ಲಕ್ಷ ಮೀನಿನವರೆಗೂ ಬಿಡಲು ಅನುಮತಿ ಇದೆ. ಆ ದೇಶ ವರ್ಷಕ್ಕೆ ಸುಮಾರು 15 ಲಕ್ಷ ಟನ್ ಸಾಲ್ಮನ್ ಬೆಳೆಯುತ್ತದೆ. ಜಗತ್ತಿನಲ್ಲಿ ಅದಕ್ಕೇ ಮೊದಲ ಸ್ಥಾನ. ಪಂಜರಕ್ಕೆ ಗೋಡೆ ಇಲ್ಲ. ಬರೀ ಬಲೆ. ಒಳಗಿನ ನೀರು, ಹೊರಗಿನ ನೀರು ಎರಡೂ ಒಂದೇ. ಎಲ್ಲಾ ತೊಂದರೆ ಅಲ್ಲಿಂದಲೇ ಶುರು.

ಮೊದಲನೆಯದು ಸಮುದ್ರದ ಹೇನು. ನಮ್ಮ ದನಕ್ಕೆ ಉಣ್ಣೆ ಹತ್ತುವ ಹಾಗೆ ಸಾಲ್ಮನ್ ಮೈಗೆ ಇದು ಅಂಟಿಕೊಂಡು, ಲೋಳೆ, ಚರ್ಮ, ರಕ್ತ ತಿನ್ನುತ್ತದೆ. ಕಾಡುಮೀನಿಗೂ ಇದು ಹಿಂದಿನಿಂದ ಇದ್ದದ್ದೇ. ಆದರೆ ಚಳಿಗಾಲದಲ್ಲಿ ತೀರದ ಹತ್ತಿರ ಅಷ್ಟೊಂದು ಸಾಲ್ಮನ್ ಇರುತ್ತಿರಲಿಲ್ಲ, ಹಾಗಾಗಿ ಹೇನಿಗೂ ಅಂಟಿಕೊಳ್ಳಲು ಮೀನು ಸಿಗುತ್ತಿರಲಿಲ್ಲ. ಈಗ ವರ್ಷಪೂರ್ತಿ ಲಕ್ಷಾಂತರ ಮೀನು ಒಂದೇ ಕಡೆ ನಿಂತಿರುತ್ತದೆ. ವಸಂತದಲ್ಲಿ ನದಿಯಿಂದ ಸಮುದ್ರಕ್ಕೆ ಇಳಿಯುವ ಮರಿ ಗೇಣುದ್ದವೂ ಇರುವುದಿಲ್ಲ, ತೂಕ 20 ಗ್ರಾಂ ಆಸುಪಾಸು. ಅದು ಈ ಪಂಜರಗಳ ಪಕ್ಕದಲ್ಲೇ ಹಾದು ಹೋಗಬೇಕು. ದೊಡ್ಡ ಮೀನು ತಡೆದುಕೊಳ್ಳುವ ಹೇನು ಈ ಮರಿಗೆ ತಡೆಯುವುದಿಲ್ಲ. ಹತ್ತು ಹನ್ನೆರಡು ಹತ್ತಿಕೊಂಡರೆ ಅದು ಬದುಕುವುದು ಕಷ್ಟ.

ಅದಕ್ಕೇ ನಾರ್ವೆ ಸರ್ಕಾರ ಪಂಜರದೊಳಗಿನ ಹೇನನ್ನೂ ಲೆಕ್ಕ ಹಾಕಿಸುತ್ತದೆ. ಒಂದು ಮೀನಿಗೆ ಸರಾಸರಿ ಅರ್ಧಕ್ಕಿಂತ ಹೆಚ್ಚು ಬಲಿತ ಹೆಣ್ಣು ಹೇನು ಇರುವಂತಿಲ್ಲ. ಮರಿ ಸಮುದ್ರಕ್ಕಿಳಿಯುವ ವಾರಗಳಲ್ಲಿ ಈ ಮಿತಿ 0.2ಕ್ಕೆ ಇಳಿಯುತ್ತದೆ. ಹೇನು ಕೊಲ್ಲಲು ಅವರು ಬಹಳ ವರ್ಷ ಬಳಸಿದ ಔಷಧಿಗಳಲ್ಲಿ ಒಂದು ಎಮಾಮೆಕ್ಟಿನ್ ಬೆಂಜೋಯೇಟ್. ಹೌದು, ನೀವು ತೊಗರಿ, ಮೆಣಸಿನಕಾಯಿಗೆ ಹುಳ ಬಿದ್ದಾಗ ಅಂಗಡಿಯಿಂದ ತರುತ್ತೀರಲ್ಲಾ, ಅದೇ. ಅಲ್ಲಿಯೂ ಇಲ್ಲಿಯ ಕಥೆಯೇ ಆಯಿತು. ಹೊಡೆದೂ ಹೊಡೆದೂ ಹೇನಿಗೆ ಅದು ನಾಟದಂತಾಯಿತು. ಈಗ ಬಿಸಿನೀರಿನಲ್ಲಿ ಮೀನು ತೊಳೆಯುವುದು, ಹೇನು ತಿನ್ನುವ ಬೇರೆ ಸಣ್ಣ ಮೀನನ್ನು ಪಂಜರಕ್ಕೆ ಬಿಡುವುದು, ಹೀಗೆ ಏನೇನೋ ಮಾಡುತ್ತಾರೆ. ಆ ಸಣ್ಣ ಮೀನುಗಳಲ್ಲೂ ಲಕ್ಷಗಟ್ಟಲೆಯನ್ನು ಸಮುದ್ರದಿಂದಲೇ ಹಿಡಿದು ತರುತ್ತಾರೆ!

ಎರಡನೆಯದು ತಪ್ಪಿಸಿಕೊಳ್ಳುವ ಮೀನು. ಬಿರುಗಾಳಿಗೆ ಬಲೆ ಹರಿಯುತ್ತದೆ, ಸೀಲ್ ಪ್ರಾಣಿ ಕಚ್ಚಿ ತೂತು ಮಾಡುತ್ತದೆ, ದೋಣಿ ತಗುಲುತ್ತದೆ. ಸಾಕಿದ ಸಾಲ್ಮನ್ 1970ರ ಸುಮಾರಿನಿಂದ ಬೇಗ ಬೆಳೆಯಲಿ ಅಂತ ಆರಿಸಿ ಆರಿಸಿ ತೆಗೆದ ತಳಿ. ಹೊತ್ತು ಹೊತ್ತಿಗೆ ಆಹಾರ ಹಾಕಿದ ಕಡೆ ಅದು ಚೆನ್ನಾಗಿ ಬೆಳೆಯುತ್ತದೆ, ನದಿಯಲ್ಲಿ ತಾನೇ ಹುಡುಕಿ ತಿಂದು ಬದುಕುವುದಕ್ಕೆ ಲಾಯಕ್ಕಲ್ಲ. ಆದರೂ ನದಿಗೆ ಹೋಗಿ ಕಾಡುಮೀನಿನ ಜೊತೆ ಕೂಡುತ್ತದೆ. ಐರ್ಲೆಂಡಿನ ಬರಿಶೂಲ್ ನದಿಯಲ್ಲಿ ಇದನ್ನು ಪರೀಕ್ಷೆ ಮಾಡಿ 2003ರಲ್ಲಿ ಪ್ರಕಟಿಸಿದರು. ಮೊಟ್ಟೆಯಿಂದ ಹಿಡಿದು ಸಮುದ್ರಕ್ಕೆ ಹೋಗಿ ವಾಪಸ್ ಬರುವವರೆಗೆ ಲೆಕ್ಕ ಹಾಕಿದರೆ, ಸಾಕುತಳಿಯ ಮರಿಗಳ ಯಶಸ್ಸು ಕಾಡುತಳಿಯ ಶೇ. 2ರಷ್ಟು ಮಾತ್ರ. ಬೆರಕೆ ಮರಿಗಳದ್ದು ಇವೆರಡರ ನಡುವೆ. ಅಂದರೆ ಪ್ರತಿ ಸಲ ಬೆರಕೆಯಾದಾಗಲೂ ಆ ನದಿಯ ತಳಿ ಸ್ವಲ್ಪ ಸ್ವಲ್ಪವೇ ಕುಗ್ಗುತ್ತದೆ. ನಾರ್ವೆಯಲ್ಲಿ ಪರೀಕ್ಷಿಸಿದ ನದಿಗಳಲ್ಲಿ ಅರ್ಧಕ್ಕಿಂತ ಹೆಚ್ಚಿನವುಗಳ ಕಾಡುಮೀನಿನಲ್ಲಿ ಈಗ ಸಾಕುಮೀನಿನ ಅಂಶ ಸೇರಿದೆ. ಇದನ್ನು ಮತ್ತೆ ಬೇರ್ಪಡಿಸುವ ದಾರಿ ಯಾರ ಬಳಿಯೂ ಇಲ್ಲ.

ನ್ಯಾಯವಾಗಿ ಒಂದು ಮಾತು ಹೇಳಬೇಕು. ಕಾಡು ಸಾಲ್ಮನ್ ಕಡಿಮೆಯಾಗಲು ಸಾಕಣೆ ಒಂದೇ ಕಾರಣ ಅಲ್ಲ. ಅಣೆಕಟ್ಟು, ಮಿತಿಮೀರಿ ಹಿಡಿದದ್ದು, ಬಿಸಿಯಾಗುತ್ತಿರುವ ಸಮುದ್ರ, ಎಲ್ಲವೂ ಸೇರಿದೆ. 2024ರ ಬೇಸಿಗೆಯಲ್ಲಿ ವಾಪಸ್ ಬಂದ ಮೀನು ತೀರಾ ಕಡಿಮೆ ಅಂತ ನಾರ್ವೆ 33 ನದಿಗಳಲ್ಲಿ ಸಾಲ್ಮನ್ ಹಿಡಿಯುವುದನ್ನೇ ನಿಲ್ಲಿಸಿತು. ಅದಕ್ಕೆ ಸಮುದ್ರದ ಸ್ಥಿತಿಯೂ ಕಾರಣ. ಇನ್ನು "ಸಾಕಿದರೆ ಸಮುದ್ರದ ಮೀನು ಉಳಿಯುತ್ತದೆ" ಎಂಬ ಮಾತೂ ಪೂರ್ತಿ ನಿಜವಲ್ಲ, ಪೂರ್ತಿ ಸುಳ್ಳೂ ಅಲ್ಲ. ಸಾಲ್ಮನ್ ಮಾಂಸ ತಿನ್ನುವ ಮೀನು. 1990ರಲ್ಲಿ ನಾರ್ವೆಯ ಮೀನಿನ ಆಹಾರದಲ್ಲಿ ಶೇ. 90ರಷ್ಟು ಸಮುದ್ರದ ಮೀನಿನ ಪುಡಿ, ಎಣ್ಣೆಯೇ ಇತ್ತು. ಈಗ ಅದು ಮೂರನೇ ಒಂದು ಭಾಗಕ್ಕಿಂತ ಕಡಿಮೆ, ಉಳಿದದ್ದು ಸೋಯಾ ಥರದ ಬೆಳೆಯಿಂದ ಬರುತ್ತದೆ.

ಈಗ ಗುಬ್ಬಿಗೆ ಬರೋಣ.

ನಾರ್ವೆಯಲ್ಲಿ ಸಾಕುವುದು ಅಲ್ಲಿಯದೇ ಮೀನನ್ನು. ಒಳಗಿನದೂ ಸಾಲ್ಮನ್, ಹೊರಗಿನದೂ ಸಾಲ್ಮನ್. ಅದಕ್ಕೇ ಹೇನು ಹರಡುತ್ತದೆ, ತಳಿ ಬೆರೆಯುತ್ತದೆ. ನಿಮ್ಮ ಜಿಲೇಬಿ ಆಫ್ರಿಕಾ ಮೂಲದ್ದು. ನಮ್ಮ ಕೆರೆಯ ನಾಡಮೀನುಗಳಲ್ಲಿ ಅದು ಕೂಡುವಂಥ ನೆಂಟರಿಲ್ಲ. ಗೆಂಡೆ, ಕೊರವ, ಚೇಳುಮೀನಿನ ಜೊತೆ ಅದು ಕೂಡುವುದಿಲ್ಲ. ತಳಿ ಕೆಡುವ ಭಯ ಇಲ್ಲಿಲ್ಲ. ಭಯ ಇರುವುದು ಜಾಗ ಮತ್ತು ಹೊಟ್ಟೆಗೆ ಸಂಬಂಧಪಟ್ಟಿದ್ದು.

ಬೇಸಿಗೆಯಲ್ಲಿ ಕೆರೆ ನೀರು ಹಿಂದೆ ಸರಿದಾಗ ಅಂಚಿನ ಕೆಸರಿನಲ್ಲಿ ಒಮ್ಮೆ ನಡೆದು ನೋಡಿ. ಊಟದ ತಟ್ಟೆಯಷ್ಟು ಅಗಲದ, ನುಣ್ಣಗೆ ಗುಡಿಸಿದಂಥ ದುಂಡು ಗುಂಡಿಗಳು ಒಂದರ ಪಕ್ಕ ಒಂದು ಕಂಡರೆ ಅದು ಗಂಡು ಜಿಲೇಬಿಯ ಕೆಲಸ. ಅಲ್ಲಿ ಹೆಣ್ಣು ಮೊಟ್ಟೆ ಇಟ್ಟು, ಆ ಮೊಟ್ಟೆಯನ್ನು ಬಾಯಲ್ಲಿ ತುಂಬಿಕೊಂಡು ಹೋಗುತ್ತದೆ. ಮರಿ ಆಗುವವರೆಗೂ ಬಾಯಲ್ಲೇ ಕಾಪಾಡುತ್ತದೆ. ನಮ್ಮ ಗೆಂಡೆ ಜಾತಿಯ ಮೀನು ಮಳೆ ಬಂದಾಗ ಮೊಟ್ಟೆ ಚೆಲ್ಲಿ ಹೋಗಿಬಿಡುತ್ತದೆ, ಅದರಲ್ಲಿ ಉಳಿಯುವುದು ಎಷ್ಟೋ ಅಷ್ಟು. ಜಿಲೇಬಿ ಎರಡು ಮೂರು ತಿಂಗಳಿಗೇ ಪ್ರಾಯಕ್ಕೆ ಬಂದು, ನೀರು ಬೆಚ್ಚಗಿದ್ದರೆ ವರ್ಷದಲ್ಲಿ ಹಲವು ಸಲ ಮರಿ ಮಾಡುತ್ತದೆ. ಪಾಚಿ ತಿನ್ನುತ್ತದೆ, ಬೇರೆ ಮೀನಿನ ಮೊಟ್ಟೆ, ಸಣ್ಣ ಮರಿಯನ್ನೂ ಬಿಡುವುದಿಲ್ಲ, ಗುಂಡಿ ಕಾಯುವ ಗಂಡು ಉಳಿದವರನ್ನು ಅಂಚಿಗೇ ಬರಗೊಡುವುದಿಲ್ಲ. ಕೊನೆಗೆ ತನ್ನ ಮರಿಗಳೇ ಜಾಸ್ತಿಯಾಗಿ ಎಲ್ಲವೂ ಅಂಗೈಯಷ್ಟಕ್ಕೇ ನಿಂತುಬಿಡುತ್ತವೆ. ಸೊಸೈಟಿಯವರ ಹೊಟ್ಟೆಯುರಿಗೆ ಇದೇ ಕಾರಣ. ಬಲೆ ಭಾರ ಇರುತ್ತದೆ, ತೂಕಕ್ಕೆ ಬೆಲೆ ಇರುವುದಿಲ್ಲ.

ಇದು ಹೊಸ ಪಾಠವೂ ಅಲ್ಲ. ಮೊಜಾಂಬಿಕ್ ತಿಲಾಪಿಯ ಭಾರತಕ್ಕೆ ಬಂದದ್ದು 1952ರಲ್ಲಿ. ಏಳೇ ವರ್ಷಕ್ಕೆ, 1959ರಲ್ಲಿ, ಇದನ್ನು ಇನ್ನು ಹರಡಬೇಡಿ ಅಂತ ಹೇಳಬೇಕಾಯಿತು. ಅಷ್ಟರಲ್ಲಿ ಅದು ಕೈಮೀರಿ ಹೋಗಿತ್ತು. ಹಾಗಾಗಿ ನಿಮ್ಮ ಕೆರೆಯಲ್ಲಿ ಅದು ಈಗಾಗಲೇ ಇರುವ ಸಾಧ್ಯತೆಯೇ ಹೆಚ್ಚು. "ಹಾಗಾದರೆ ನನ್ನದೂ ಸೇರಲಿ ಬಿಡಿ" ಎಂದು ನೀವು ಕೇಳಬಹುದು. ಅದು ಸರಿಯಲ್ಲ. ಈಗ ಸಾಕಲು ಕೊಡುವ ಗಿಫ್ಟ್ (ಸಾಕಣೆಗೆಂದೇ ಸುಧಾರಿಸಿದ ತಿಲಾಪಿಯ) ತಳಿ ನೈಲ್ ತಿಲಾಪಿಯದ್ದು. ಅದು ಹಳೆಯ ಕುಳ್ಳ ಜಿಲೇಬಿಗಿಂತ ದೊಡ್ಡದು, ಬೇಗ ಬೆಳೆಯುವಂಥದ್ದು. ಇವೆರಡೂ ಒಂದಕ್ಕೊಂದು ಕೂಡುತ್ತವೆ. ಜೊತೆಗೆ ರೋಗ. ತಿಲಾಪಿಯದ ಒಂದು ವೈರಸ್ ಭಾರತದಲ್ಲೂ ಇದೆ ಎಂದು 2018ರಲ್ಲಿ ವರದಿಯಾಗಿದೆ. ಮೀನಿನ ಹುಣ್ಣುರೋಗ 1988ರಲ್ಲಿ ಈಶಾನ್ಯ ಭಾರತದಲ್ಲಿ ಕಾಣಿಸಿಕೊಂಡು, ಕೆಲವೇ ವರ್ಷದಲ್ಲಿ ದೇಶದ ಉದ್ದಗಲಕ್ಕೆ ಹರಡಿ ಕೊರವದಂಥ ನಾಡಮೀನನ್ನು ರಾಶಿ ರಾಶಿ ಕೊಂದದ್ದು ಹಳೆಯ ಮೀನುಗಾರರಿಗೆ ಇನ್ನೂ ನೆನಪಿರುತ್ತದೆ.

"ಎಲ್ಲಾ ಗಂಡು" ಎಂಬ ಮಾತಿಗೆ ಬರುತ್ತೇನೆ. ಮೊಟ್ಟೆಯೊಡೆದ ಮರಿಗೆ ಮೊದಲ ಮೂರು ನಾಲ್ಕು ವಾರ ಹಾರ್ಮೋನ್ ಬೆರೆಸಿದ ಆಹಾರ ಕೊಟ್ಟು ಗಂಡಾಗಿಸುತ್ತಾರೆ. ತಿನ್ನುವವರಿಗೆ ಇದರಿಂದ ಅಪಾಯ ಅಂತ ವಾಟ್ಸಾಪಿನಲ್ಲಿ ಬರುವುದೆಲ್ಲಾ ಉತ್ಪ್ರೇಕ್ಷೆ. ಮೀನು ಮಾರಾಟಕ್ಕೆ ಬರುವ ಹೊತ್ತಿಗೆ ಅದು ಮೈಯಿಂದ ಹೋಗಿ ತಿಂಗಳುಗಳೇ ಆಗಿರುತ್ತವೆ. ಆದರೆ ಒಳ್ಳೆಯ ಮರಿಕೇಂದ್ರದಲ್ಲೂ ನೂರಕ್ಕೆ ನೂರು ಗಂಡು ಆಗುವುದಿಲ್ಲ. ನೂರಕ್ಕೆ ಒಂದೆರಡು ಹೆಣ್ಣು ಉಳಿದೇ ಉಳಿಯುತ್ತದೆ. ಅಗ್ಗದ ಮರಿಯಲ್ಲಿ ಇನ್ನೂ ಜಾಸ್ತಿ. 2,000 ಮರಿಯಲ್ಲಿ 20 ಹೆಣ್ಣು ಅಂದರೆ ಒಂದು ಕೆರೆ ತುಂಬಿಸಲು ಧಾರಾಳ ಆಯಿತು. ಅದಕ್ಕೇ ಕೇಂದ್ರ ಸರ್ಕಾರ 2009ರಲ್ಲಿ ಗಿಫ್ಟ್ ಸಾಕಲು ಅವಕಾಶ ಕೊಟ್ಟಾಗ ಷರತ್ತು ಹಾಕಿತು. ಇಲಾಖೆಯ ಅನುಮತಿ ಬೇಕು, ನೀರು ಹೊರಹೋಗುವ ಕಡೆ ಜಾಲರಿ ಬೇಕು, ಹಕ್ಕಿ ಬಾರದಂತೆ ತಡೆ ಬೇಕು, ಪ್ರವಾಹ ನುಗ್ಗುವ ಜಾಗ ಆಗಿರಬಾರದು. ನಿಮ್ಮ ಏಜೆಂಟ್ ಈ ಕೊನೆಯ ಷರತ್ತನ್ನು ಹೇಳಿದರೋ ಇಲ್ಲವೋ, ಅವರನ್ನೇ ಕೇಳಿ.

ಸೊಸೈಟಿಯವರಿಗೂ ಒಂದು ಮಾತು. ಅವರು ಪ್ರತಿ ವರ್ಷ ಬಿಡುವ ಕಾಟ್ಲಾ, ರೋಹು, ಮೃಗಾಲ್ ಕೂಡ ಈ ಕೆರೆಯ ಮೀನಲ್ಲ, ಗಂಗಾ ಬಯಲಿನವು. 1957ರಲ್ಲಿ ಒಡಿಶಾದಲ್ಲಿ ಮೀನು ವಿಜ್ಞಾನಿ ಹೀರಾಲಾಲ್ ಚೌಧುರಿ ಅವರು ಚುಚ್ಚುಮದ್ದು ಕೊಟ್ಟು ಈ ಜಾತಿಯ ಮೀನಿನಿಂದ ಮೊಟ್ಟೆ ಇಡಿಸುವುದನ್ನು ಸಾಧಿಸಿದ ಮೇಲೆ ಇವುಗಳ ಮರಿ ದೇಶದ ಎಲ್ಲಾ ಕಡೆ ಸಿಗುವಂತಾಯಿತು. ಸಾಮಾನ್ಯ ಗೆಂಡೆ, ಬೆಳ್ಳಿಗೆಂಡೆ, ಹುಲ್ಲುಗೆಂಡೆಯಂತೂ ಹೊರದೇಶದವೇ. ಹಾಗಂತ ಎಲ್ಲಾ ಒಂದೇ ಅಂತಲ್ಲ. ಕಾಟ್ಲಾ, ರೋಹು ನಿಂತ ನೀರಿನ ಕೆರೆಯಲ್ಲಿ ಸಾಮಾನ್ಯವಾಗಿ ತಾವಾಗಿ ಮರಿ ಮಾಡುವುದಿಲ್ಲ. ವರ್ಷ ವರ್ಷ ಮರಿ ತಂದು ಬಿಡಬೇಕು. ಬಿಡುವುದು ನಿಲ್ಲಿಸಿದರೆ ಅವೂ ನಿಲ್ಲುತ್ತವೆ. ಜಿಲೇಬಿಯನ್ನು ಒಂದು ಸಲ ಬಿಟ್ಟರೆ ಮುಗಿಯಿತು. ನನ್ನ ಪ್ರಕಾರ ಮೀನು ಆರಿಸುವಾಗ ನೋಡಬೇಕಾದ್ದು ಇದನ್ನೇ. ಊರಿನದೋ ಪರಊರಿನದೋ ಎಂಬುದು ಆಮೇಲಿನ ಮಾತು.

ನಾರ್ವೆಯ ಕಥೆಗೆ ಹತ್ತಿರದ್ದು ನಮ್ಮಲ್ಲಿ ನಡೆದಿರುವುದು ಕಾವೇರಿಯಲ್ಲಿ. ಅಲ್ಲಿಯ ಗೂನುಬೆನ್ನಿನ ಮಹಶೀರ್ ಬೇರೆಲ್ಲೂ ಇಲ್ಲದ ಮೀನು. ಮೀನು ಉಳಿಸುವ ಒಳ್ಳೆಯ ಉದ್ದೇಶದಿಂದಲೇ ಮಹಾರಾಷ್ಟ್ರದ ಲೋನಾವಳದಲ್ಲಿ ಬೆಳೆಸಿದ ಬೇರೆ ಜಾತಿಯ ಮಹಶೀರ್ ಮರಿಗಳನ್ನು ಕಾವೇರಿಗೆ ಬಿಟ್ಟರು. ಬಂದದ್ದು ಹೆಚ್ಚಾಯಿತು, ಇದ್ದದ್ದು ಕಡಿಮೆಯಾಯಿತು. 2018ರಲ್ಲಿ ಗೂನುಬೆನ್ನಿನ ಮಹಶೀರ್ ಅಳಿವಿನ ಅಂಚಿನ ಪಟ್ಟಿಗೆ ಸೇರಿತು. ಇದು ನಿಮಗೆ ದೂರದ ಸುದ್ದಿ ಅನಿಸಬಹುದು. ಆದರೆ ದೇವರಾಯನದುರ್ಗದಲ್ಲಿ ಹುಟ್ಟುವ ಶಿಂಷಾ ನಿಮ್ಮ ತಾಲ್ಲೂಕಿನ ಕಡಬ ಕೆರೆ ತುಂಬಿಸಿ, ಕುಣಿಗಲ್ ಕಡೆಯ ಮಾರ್ಕೋನಹಳ್ಳಿ ಜಲಾಶಯ ದಾಟಿ ಹೋಗಿ ಸೇರುವುದು ಕಾವೇರಿಯನ್ನೇ. ಅದೇ ಬೆಟ್ಟದಲ್ಲಿ ಹುಟ್ಟುವ ಜಯಮಂಗಲಿ ಉತ್ತರಕ್ಕೆ ಹೋಗಿ ಪೆನ್ನಾರ್ ಸೇರುತ್ತದೆ. ಹೇಮಾವತಿ ನಾಲೆಯ ನೀರು ಶಿರಾ ಕಡೆಗೂ ಹೋಗುತ್ತದೆ, ಅದು ಕೃಷ್ಣೆಯ ಸೀಮೆ. ನಮ್ಮ ತುಮಕೂರು ಜಿಲ್ಲೆಯ ಕೆರೆಗಳಿಗೆ ಬಿದ್ದ ಮೀನಿಗೆ ಮೂರು ದಿಕ್ಕಿಗೂ ದಾರಿ ಇದೆ.

ಕ್ಯಾಟ್‌ಫಿಶ್ ಬಗ್ಗೆ ಹೆಚ್ಚು ಹೇಳುವುದಿಲ್ಲ. ಆಫ್ರಿಕನ್ ಕ್ಯಾಟ್‌ಫಿಶ್ ಸಾಕುವುದನ್ನು ದೇಶದಲ್ಲಿ 2000ನೇ ಇಸವಿಯಲ್ಲೇ ನಿಷೇಧಿಸಲಾಗಿದೆ. ಸಿಕ್ಕಿದ್ದನ್ನೆಲ್ಲಾ ನುಂಗುತ್ತದೆ, ಗಾಳಿಯಲ್ಲೇ ಉಸಿರಾಡುತ್ತದೆ, ಮಳೆಯ ರಾತ್ರಿ ಒದ್ದೆ ನೆಲದ ಮೇಲೆ ತೆವಳಿಕೊಂಡು ಪಕ್ಕದ ನೀರಿಗೆ ಹೋಗುತ್ತದೆ. ಕೋಳಿ ತ್ಯಾಜ್ಯ ಹಾಕಿದ ಹೊಂಡದ ವಾಸನೆ, ನೊಣ ಬೇರೆ. ಅಧಿಕಾರಿಗಳು ಬಂದರೆ ಮೀನನ್ನು ಅಲ್ಲೇ ನಾಶ ಮಾಡಿಸುತ್ತಾರೆ, ಪರಿಹಾರ ಸಿಗುವುದಿಲ್ಲ.

ಇನ್ನು ನೀವೇನು ಮಾಡಬೇಕು ಅನ್ನುವುದು. ನಿಮ್ಮ ಪತ್ರದಲ್ಲಿ ನನಗೆ ಜಿಲೇಬಿಗಿಂತ ಹೆಚ್ಚು ಚಿಂತೆ ಹುಟ್ಟಿಸಿದ್ದು "ಹಿನ್ನೀರಿನ ಅಂಚಿನಲ್ಲಿ, ಹಳ್ಳದ ಪಕ್ಕಕ್ಕೆ" ಎಂಬ ಮಾತು. 2022ರ ಮಳೆಯಲ್ಲಿ ನಮ್ಮ ಜಿಲ್ಲೆಯ ಎಷ್ಟೋ ಕೆರೆ ಬಹಳ ವರ್ಷದ ಮೇಲೆ ಕೋಡಿ ಬಿದ್ದವಲ್ಲ, ಆಗ ನಿಮ್ಮ ಜಮೀನಿನಲ್ಲಿ ನೀರು ಎಲ್ಲಿವರೆಗೆ ಬಂದಿತ್ತು? ಮೊಣಕಾಲುದ್ದ ನಿಂತಿದ್ದರೂ ಅಲ್ಲಿ ಹೊಂಡ ಮತ್ತು ಕೆರೆ ಒಂದೇ ಆಗಿಬಿಡುತ್ತದೆ. ಯಾವ ಜಾಲರಿಯೂ ಕೆಲಸಕ್ಕೆ ಬರುವುದಿಲ್ಲ. ನಾರ್ವೆಯವರ ಪಂಜರಕ್ಕೂ ನಿಮ್ಮ ಹೊಂಡಕ್ಕೂ ಆಗ ಏನು ವ್ಯತ್ಯಾಸ ಉಳಿಯಿತು ಹೇಳಿ? ಆದ್ದರಿಂದ ಅಲ್ಲಿ ಜಿಲೇಬಿ ಬೇಡವೇ ಬೇಡ. ಅನುಮತಿಗೆ ಅರ್ಜಿ ಹಾಕಿದರೂ ಆ ಜಾಗ ಷರತ್ತಿಗೆ ಹೊಂದುವುದು ಅನುಮಾನ.

ಜಾಗ ಅದೇ ಅಂತಾದರೆ ಕಾಟ್ಲಾ, ರೋಹು, ಸಾಮಾನ್ಯ ಗೆಂಡೆ ಸಾಕಿ. ಸಾಮಾನ್ಯ ಗೆಂಡೆ ನಿಂತ ನೀರಲ್ಲೂ ಮರಿ ಮಾಡುತ್ತದೆ, ಆದ್ದರಿಂದ ಅದು ಕೆರೆಯಲ್ಲಿ ಈಗಾಗಲೇ ಇದ್ದರೆ ಮಾತ್ರ, ಅದೂ ಕಡಿಮೆ ಪಾಲು. ಎಕರೆಗೆ 2,000ದಿಂದ 3,000 ಮರಿ ಅಂದರೆ ನಿಮ್ಮ 20 ಗುಂಟೆಗೆ 1,000ದಿಂದ 1,500. ಮರಿ ಬೆರಳುದ್ದ ಇರಲಿ. ಅಕ್ಕಿ ತೌಡು, ಕಡಲೆಕಾಯಿ ಹಿಂಡಿ, ಹಟ್ಟಿಗೊಬ್ಬರದಲ್ಲೇ ಇವು ಬೆಳೆಯುತ್ತವೆ. ಸಾಲ್ಮನ್ನಿಗೆ ಬೇಕಾದ ಹಾಗೆ ಸಮುದ್ರದ ಮೀನು ಅರೆದು ಹಾಕಬೇಕಿಲ್ಲ. ನಮ್ಮ ಕಡೆಯ ಸಾಕಣೆಯಲ್ಲಿ ನನಗೆ ಇಷ್ಟವಾಗುವ ಸಂಗತಿ ಇದು. ಲಾಭ ಜಿಲೇಬಿಗಿಂತ ನಿಧಾನ, ಮೀನು ಕಿಲೋ ತೂಗಲು ಹತ್ತು ಹನ್ನೆರಡು ತಿಂಗಳು ಬೇಕು. ಪ್ರವಾಹ ಬಂದರೆ ಮೀನು ಹೋಗುತ್ತದೆ, ಆಗ ನಷ್ಟ ನಿಮ್ಮದು, ಹಬ್ಬ ಸೊಸೈಟಿಯವರದು. ಕೆರೆಗೆ ಮಾತ್ರ ದೊಡ್ಡ ಹಾನಿ ಇಲ್ಲ.

ಜಿಲೇಬಿಯೇ ಬೇಕು ಅಂತಾದರೆ ಹಳ್ಳದಿಂದ ದೂರ, ಎತ್ತರದ ಜಮೀನು ಹುಡುಕಿ. ಏರಿ ಎತ್ತರಿಸಿ, ಮಳೆನೀರು ಹೊಂಡಕ್ಕೆ ನುಗ್ಗದಂತೆ ಸುತ್ತ ಚರಂಡಿ ತೋಡಿ. ನೀರು ಹೊರಬಿಡುವ ಕಡೆ ಒಂದರ ಹಿಂದೆ ಒಂದು ಎರಡು ಜಾಲರಿ ಹಾಕಿ, ಒಂದು ಸೊಳ್ಳೆಪರದೆಯಷ್ಟು ಸಣ್ಣದಿರಲಿ. ಹಳೆಯ ನೀರನ್ನು ಹಳ್ಳಕ್ಕೆ ಬಿಡಬೇಡಿ, ತೆಂಗಿಗೆ, ಅಡಿಕೆಗೆ ಹಾಯಿಸಿ, ಅದರಲ್ಲಿ ಗೊಬ್ಬರದ ಸತ್ವ ಚೆನ್ನಾಗಿರುತ್ತದೆ. ಕೊಯ್ಲಾದ ಮೇಲೆ ಹೊಂಡ ಪೂರ್ತಿ ಒಣಗಿಸಿ, ಒಂದು ಕೊಚ್ಚೆಗುಂಡಿ ಉಳಿದರೂ ಅದರಲ್ಲಿ ಜಿಲೇಬಿ ಜೀವ ಹಿಡಿದುಕೊಂಡಿರುತ್ತದೆ. ಹಾಗೇ ಯಾರಾದರೂ ಹುಡುಗರು ಬಂದು "ಅಂಕಲ್, ನಾಲ್ಕು ಜೀವಂತ ಮರಿ ಕೊಡಿ" ಅಂದರೆ ಕೊಡಬೇಡಿ. ಜಿಲೇಬಿ ಊರೂರು ಹರಡಿದ್ದರಲ್ಲಿ ಪ್ರವಾಹದಷ್ಟೇ ಪಾಲು ಬಿಂದಿಗೆ, ಬಕೆಟ್ಟುಗಳದ್ದೂ ಇದೆ.

ಕೊರವ ಸಾಕಬಹುದಾ ಅಂತ ಕೆಲವರು ಕೇಳುತ್ತಾರೆ. ನಾಡಮೀನು, ಬೆಲೆಯೂ ಒಳ್ಳೆಯದು. ಆದರೆ ಒಂದನ್ನೊಂದು ತಿನ್ನುತ್ತದೆ, ಆಗಾಗ ಗಾತ್ರ ನೋಡಿ ಬೇರ್ಪಡಿಸಬೇಕು, ಒಣ ಆಹಾರಕ್ಕೆ ಒಗ್ಗಿಸಿದ ಮರಿಯೇ ಬೇಕು. ಮೊದಲ ಸಲ ಮೀನು ಸಾಕುವವರಿಗೆ ನಾನು ಹೇಳುವುದಿಲ್ಲ. ಎರಡು ವರ್ಷ ಕಾಟ್ಲಾದಲ್ಲಿ ಕೈ ಕುದುರಿಸಿಕೊಂಡು ಆಮೇಲೆ ನೋಡಿ.

ಮತ್ಸ್ಯ ಸಂಪದ ಯೋಜನೆಯಲ್ಲಿ ಹೊಸ ಹೊಂಡಕ್ಕೆ ಸಾಮಾನ್ಯ ವರ್ಗಕ್ಕೆ ಘಟಕ ವೆಚ್ಚದ ಶೇ. 40, ಪರಿಶಿಷ್ಟರಿಗೂ ಮಹಿಳೆಯರಿಗೂ ಶೇ. 60 ಸಹಾಯಧನ ಕೊಡುತ್ತಿದ್ದರು. ಈ ವರ್ಷ ಅರ್ಜಿ ತೆಗೆದುಕೊಳ್ಳುತ್ತಿದ್ದಾರಾ ಎಂದು ಗುಬ್ಬಿಯ ಮೀನುಗಾರಿಕೆ ಕಚೇರಿಯಲ್ಲೇ ವಿಚಾರಿಸಿ, ಆಗಲೇ ಜಾಗವನ್ನೂ ಬಂದು ನೋಡಲು ಹೇಳಿ. ಸಾಧ್ಯವಾದರೆ ಆ ದಿನ ಸೊಸೈಟಿಯವರನ್ನೂ ಕರೆಯಿರಿ. ನೀವು ಬಿಡುವುದು ಅವರು ಬಿಡುವ ಮೀನನ್ನೇ ಎಂದು ಗೊತ್ತಾದರೆ ಅವರ ತಕರಾರು ಅರ್ಧ ಕಡಿಮೆಯಾಗುತ್ತದೆ. ಏಜೆಂಟಿಗೆ ಮುಂಗಡ ಇನ್ನೂ ಕೊಟ್ಟಿಲ್ಲದಿದ್ದರೆ ಕೊಡಬೇಡಿ. ಜೆಸಿಬಿಯನ್ನು ಲೆವೆಲ್ ನೋಡಿಸಿದ ಮೇಲೆ ಕರೆಸಿ.